ಮೈನಸ್ ತೆಗೆದು ಪ್ಲಸ್ ಹಾಕಿದರೆ ಒಂದು ಹೊಸ ಲೋಕ

ಬ್ರಹ್ಮಾಂಡವನ್ನು ಬದಲಿಸೋಕೆ ಜಾಸ್ತಿ ಏನೂ ಬೇಕಿಲ್ಲ, ಒಂದು ಗೀಟು ಸಾಕು. ಮೈನಸ್ ಚಿಹ್ನೆಯ ಮೇಲೆ ಒಂದು ನಿಂತ ಗೀಟು ಎಳೆದರೆ ಪ್ಲಸ್ ಆಗುತ್ತೆ ಅಲ್ವಾ, ನಾನು ಮಾಡಿದ್ದು ಅಷ್ಟೇ. ಹಾಗೆ ಹುಟ್ಟಿದ ಲೋಕಕ್ಕೆ ಕೂಡುವ ಲೋಕ ಅಂತ ಹೆಸರಿಟ್ಟಿದ್ದೇನೆ. ನಾವಿರುವುದು ಕಳೆಯುವ ಲೋಕ.

ಮೊದಲು ನಮ್ಮ ಲೋಕದ ಲೆಕ್ಕ ನೋಡಿಬಿಡೋಣ. ಓಡಾಡುವವರ ಗಡಿಯಾರ ನಿಂತವರದ್ದಕ್ಕಿಂತ ನಿಧಾನ ಓಡುತ್ತೆ ಅಂತ 1905ರಲ್ಲಿ ಐನ್‌ಸ್ಟೈನ್ ಹೇಳಿದ್ದನ್ನು 1908ರಲ್ಲಿ ಮಿಂಕೋವ್‌ಸ್ಕಿ ರೇಖಾಗಣಿತದ ಭಾಷೆಗೆ ತಂದರು. ಇವರು ಕಾಲೇಜಿನಲ್ಲಿ ಐನ್‌ಸ್ಟೈನ್‌ಗೆ ಗಣಿತ ಹೇಳಿಕೊಟ್ಟಿದ್ದ ಮೇಷ್ಟ್ರು. ಲೆಕ್ಕ ಇಷ್ಟೇ: ಕಾಲದ ವರ್ಗದಿಂದ ದೂರದ ವರ್ಗವನ್ನು ಕಳೆಯಿರಿ (ನಾನು ಗೀಟು ಎಳೆದ ಮೈನಸ್ ಇದೇ), ಉಳಿದದ್ದರ ವರ್ಗಮೂಲ ತೆಗೆಯಿರಿ, ಪ್ರಯಾಣ ಮಾಡಿದವನ ಕೈಗಡಿಯಾರ ಎಷ್ಟು ಓಡಿದೆ ಅಂತ ಸಿಗುತ್ತೆ. ಕಿಲೋಮೀಟರನ್ನು ತಾಸಿನಿಂದ ಹೇಗಪ್ಪ ಕಳೆಯೋದು ಅಂದರೆ, ಅದಕ್ಕೊಂದು ದರ ಬೇಕು. ನಮ್ಮಲ್ಲಿ ಆ ದರ ಬೆಳಕಿನ ವೇಗ, ಸೆಕೆಂಡಿಗೆ ಸುಮಾರು 3 ಲಕ್ಷ ಕಿ.ಮೀ. ಇಷ್ಟು ದೊಡ್ಡ ದರ ಇರೋದಕ್ಕೇ ನಮಗೆ ಯಾವ ವ್ಯತ್ಯಾಸವೂ ಕಾಣಲ್ಲ. 1971ರಲ್ಲಿ ಪರಮಾಣು ಗಡಿಯಾರಗಳನ್ನು ವಿಮಾನದಲ್ಲಿ ಭೂಮಿ ಸುತ್ತಿಸಿ ತಂದಾಗ ಕಂಡಿತು, ಜಿಪಿಎಸ್ ಉಪಗ್ರಹಗಳಲ್ಲಿ ದಿನಾಲೂ ಕಾಣುತ್ತೆ, ಬಸ್ಸಿನಲ್ಲಿ ಮಾತ್ರ ಇಲ್ಲ.

ಬಸ್ಸಿನಲ್ಲೂ ಕಾಣಲಿ ಅಂತ ಈ ಬರಹದ ಮಟ್ಟಿಗೆ ಎರಡೂ ಲೋಕದ ದರವನ್ನು ಗಂಟೆಗೆ 72 ಕಿ.ಮೀ.ಗೆ ಇಳಿಸಿದ್ದೇನೆ. ಸೆಕೆಂಡಿಗೆ 20 ಮೀಟರ್ ಆಗುತ್ತೆ, ಲೆಕ್ಕಕ್ಕೆ ಸುಲಭ.

ಈಗ ರಾಯಚೂರು ಬಸ್ ನಿಲ್ದಾಣದಿಂದ ಒಂದು ಬಸ್ಸು ಹೊರಡಲಿ. ಸಿಂಧನೂರು ದಾಟಿ ಮುಂದೆ ಹೋಗಿ ವಾಪಸ್ ಬರುತ್ತದೆ, ಹೋಗೋಕೆ 108, ಬರೋಕೆ 108, ಒಟ್ಟು 216 ಕಿ.ಮೀ. 72ರ ದರದಲ್ಲಿ ಇದು 3 ತಾಸಿಗೆ ಸಮ. ಕಳೆಯುವ ಲೋಕದಲ್ಲಿ ಆ ಬಸ್ಸು ಹೋಗಿ ಬರೋಕೆ ನಿಲ್ದಾಣದ ಗಡಿಯಾರದ ಪ್ರಕಾರ 5 ತಾಸು ಹಿಡಿಯಿತು ಅಂದುಕೊಳ್ಳಿ. 25ರಲ್ಲಿ 9 ಹೋದರೆ 16. ಡ್ರೈವರ್ ಕೈಗಡಿಯಾರದಲ್ಲಿ ಆಗಿರೋದು 4 ತಾಸು. ನಿಲ್ದಾಣದಲ್ಲಿ ಕಾಯುತ್ತಾ ಕೂತವರಿಗಿಂತ ಒಂದು ತಾಸು ಚಿಕ್ಕವನಾಗಿ ಇಳಿಯುತ್ತಾನೆ. ಕೂಡುವ ಲೋಕದಲ್ಲಿ ಅದೇ 216 ಕಿ.ಮೀ.ಯನ್ನು 4 ತಾಸಿನಲ್ಲಿ ಮುಗಿಸಲಿ. 16ಕ್ಕೆ 9 ಕೂಡಿದರೆ 25. ಡ್ರೈವರ್‌ಗೆ 5 ತಾಸು ಆಗಿರುತ್ತೆ! ಶಾಲೆಯ ಅದೇ ಹಳೇ 3, 4, 5ರ ತ್ರಿಕೋನ, ಆದರೆ 4 ಮತ್ತು 5 ಜಾಗ ಅದಲುಬದಲು ಮಾಡಿಕೊಂಡಿವೆ.

ಅಂದರೆ ಕೂಡುವ ಲೋಕದಲ್ಲಿ ಊರು ಬಿಟ್ಟು ತಿರುಗುವವರಿಗೇ ಬೇಗ ವಯಸ್ಸಾಗುತ್ತೆ. ಬೆಂಗಳೂರಿಗೆ ದುಡಿಯೋಕೆ ಹೋದ ಮಗ ಹಬ್ಬಕ್ಕೆ ಬಂದಾಗ ಮನೆಯಲ್ಲೇ ಉಳಿದ ಅವಳಿ ತಮ್ಮನಿಗಿಂತ ಹಣ್ಣಾಗಿ ಕಾಣಿಸುತ್ತಾನೆ, ಅದು ಅವ್ವನ ಕಣ್ಣಿಗೆ ಮಾತ್ರ ಅಲ್ಲ, ಗಡಿಯಾರದಲ್ಲೂ. ಬಸ್ ಓಡಿಸುವ ನಮ್ಮ ಕಾಕಾನಿಗೆ ಇದನ್ನು ಹೇಳಿದಾಗ ಐನ್‌ಸ್ಟೈನ್ ಗೀನ್‌ಸ್ಟೈನ್ ಎಲ್ಲ ಬಿಟ್ಟು ಅವರು ಕೇಳಿದ್ದು ಒಂದೇ: "ಹಂಗಾರ ಓಟಿ ಯಾವ ಗಡಿಯಾರ ನೋಡಿ ಕೊಡ್ತಾರೋ ತಮ್ಮಾ?" ಒಳ್ಳೆ ಪ್ರಶ್ನೆ. ರಿಟೈರ್‌ಮೆಂಟಿಗೂ ಅದೇ ತಕರಾರು ಬರುತ್ತೆ.

ಇಲ್ಲೊಂದು ಮಾತು. ಕೊಪ್ಪಳದಲ್ಲಿ ಸೂರ್ಯ ನೆತ್ತಿಗೆ ಬರೋದು ರಾಯಚೂರಿಗಿಂತ ಸುಮಾರು 5 ನಿಮಿಷ ತಡ, ಇದೂ ಜಾಗ ಮತ್ತು ಕಾಲದ ನಂಟೇ ಅಲ್ವಾ ಅಂತ ಯಾರಾದರೂ ಕೇಳಬಹುದು. ಅಲ್ಲ. ಅದು ಭೂಮಿ ತಿರುಗುವುದರಿಂದ ಬಂದದ್ದು. ಕೊಪ್ಪಳದವರ ಗಡಿಯಾರವೇನೂ ನಿಧಾನ ಓಡಲ್ಲ.

ಕೂಡುವ ಲೋಕದ ನಿಜವಾದ ಮಜಾ ವೇಗ ಹೆಚ್ಚಿಸಿದಾಗ ಶುರುವಾಗುತ್ತೆ. ಕಳೆಯುವ ಲೋಕದಲ್ಲಿ ಬಸ್ಸು 72 ಮುಟ್ಟುವಂತಿಲ್ಲ. ಕೂಡುವ ಲೋಕದಲ್ಲಿ ಅಂಥ ಗಡಿಯೇ ಇಲ್ಲ, ಯಾಕೆಂದರೆ ಅಲ್ಲಿ ಕಾಲವೂ ಉತ್ತರ, ಪೂರ್ವದ ಹಾಗೆ ಬರೀ ಒಂದು ದಿಕ್ಕು. ವೇಗ ಹೆಚ್ಚಿಸೋದು ಅಂದರೆ ಕಾಲದ ದಿಕ್ಕಿನಿಂದ ಪಕ್ಕಕ್ಕೆ ಹೊರಳೋದು. 72ಕ್ಕೆ 45 ಡಿಗ್ರಿ ಹೊರಳುತ್ತೀರಿ. ಪೂರಾ 90 ಹೊರಳಿದರೆ ಹೊರಟ ಕ್ಷಣದಲ್ಲೇ ಊರು ಮುಟ್ಟಿರುತ್ತೀರಿ, ಆದರೂ ಆ 108 ಕಿ.ಮೀ.ಗೆ ನಿಮ್ಮ ಆಯುಷ್ಯದಲ್ಲಿ ಒಂದೂವರೆ ತಾಸು ಖರ್ಚಾಗಿರುತ್ತೆ. ಇನ್ನೂ ಹೊರಳಿದರೆ ಹೊರಡುವ ಮೊದಲೇ ಹೋಗಿ ಇಳಿಯುತ್ತೀರಿ.

ಹೌದು, ಹಿಂದಿನ ಕಾಲಕ್ಕೆ ಹೋಗಬಹುದು. ಪುಕ್ಕಟೆ ಅಲ್ಲ. ಒಂದು ವರ್ಷ ಹಿಂದಕ್ಕೆ ಹೋಗೋಕೆ ಕಡಿಮೆ ಅಂದರೂ ನಿಮ್ಮದೇ ಒಂದು ವರ್ಷ ಕೊಡಬೇಕು. ಮೂವತ್ತರ ಹುಡುಗ ನಲವತ್ತು ವರ್ಷ ಹಿಂದೆ ಹೋಗಿ ಅಜ್ಜನ ಜೊತೆ ಕಟ್ಟೆ ಮೇಲೆ ಕೂಡಬೇಕು ಅಂತ ಹೊರಟರೆ, ಮುಟ್ಟುವ ಹೊತ್ತಿಗೆ ಅವನಿಗೇ ಎಪ್ಪತ್ತು. ಅಜ್ಜ ಇವನನ್ನೇ "ಬರ್ರಿ ಯಜಮಾನ್ರ" ಅಂತ ಕರೆದು ಕೂಡಿಸುತ್ತಾನೆ. 1520ರಲ್ಲಿ ಕೃಷ್ಣದೇವರಾಯ ರಾಯಚೂರು ಕೋಟೆ ಗೆದ್ದದ್ದನ್ನು ನೋಡೋಕೆ ಐನೂರು ವರ್ಷ ಬುತ್ತಿ ಕಟ್ಟಬೇಕು, ಅದು ಯಾರ ಕೈಲೂ ಆಗಲ್ಲ. ಈ ಭಾಗ ನನಗೆ ತುಂಬಾ ಹಿಡಿಸಿತು. ಕಾಲಯಾನಕ್ಕೆ ಯಾವ ನಿಷೇಧವೂ ಇಲ್ಲ, ಟಿಕೆಟ್ ದರವೇ ಕಾವಲು.

ಪೆಟ್ಟು ಬಿದ್ದದ್ದು ಬೇರೆ ಕಡೆ. ನಮ್ಮ ಲೋಕದಲ್ಲಿ ಬೆಳಕಿನಂಥ ಅಲೆಗಳ ಸಮೀಕರಣದಲ್ಲೂ ಅದೇ ಮೈನಸ್ ಇದೆ, ಅದು ಇರೋದರಿಂದಲೇ ಈ ಕ್ಷಣ ಅಲೆ ಹೇಗಿದೆ ಅಂತ ಗೊತ್ತಾದರೆ ಮುಂದಿನ ಕ್ಷಣದ್ದನ್ನು ಲೆಕ್ಕ ಹಾಕಬಹುದು. ಅಲ್ಲಿ ಪ್ಲಸ್ ಹಾಕಿದರೆ ಅದು ಅಲೆಯ ಸಮೀಕರಣವಾಗಿ ಉಳಿಯಲ್ಲ, ಲಾಪ್ಲಾಸ್ ಹೆಸರಿನ ಇನ್ನೊಂದು ಸಮೀಕರಣ ಆಗಿಬಿಡುತ್ತೆ. ನಾಲ್ಕೂ ಕಡೆ ಬಿಗಿದು ಕಟ್ಟಿದ ತಾಡಪತ್ರಿ ನೆನಪಿಸಿಕೊಳ್ಳಿ. ನಾಲ್ಕು ಅಂಚು ಎಲ್ಲೆಲ್ಲಿವೆ ಅಂತ ಗೊತ್ತಿದ್ದರೆ ನಡುವೆ ಎಷ್ಟು ಎತ್ತರ ಅಂತ ಹೇಳಬಹುದು, ಮೂರೇ ಅಂಚು ಗೊತ್ತಿದ್ದರೆ ಆಗಲ್ಲ. ಕೂಡುವ ಲೋಕದಲ್ಲಿ ಆ ನಾಲ್ಕನೇ ಅಂಚು ಅಂದರೆ ಮುಂದೆ ಬರುವ ಕಾಲ. ಇವತ್ತಿನದನ್ನು ಮಾತ್ರ ಹಿಡಿದು ಲೆಕ್ಕ ಹಾಕೋಕೆ ಹೋದರೆ ಕೂದಲೆಳೆಯಷ್ಟು ತಪ್ಪು ಸ್ವಲ್ಪ ಹೊತ್ತಿಗೆ ಬೆಟ್ಟದಷ್ಟಾಗುತ್ತೆ. ಅಲ್ಲಿ ಹಿಂಗಾರಿ ಜೋಳ ಬಿತ್ತುವ ರೈತನಿಗೆ ಎಷ್ಟು ಹಸಿ ಇದೆ ಅಂತ ಗೊತ್ತಾದರೆ ಸಾಲದು, ಸುಗ್ಗಿಯಲ್ಲಿ ಎಷ್ಟು ಚೀಲ ಆಯಿತು ಅನ್ನೋದೂ ಮೊದಲೇ ಗೊತ್ತಿರಬೇಕು.

ಇದಕ್ಕೆ ನನಗೆ ಹೊಳೆದದ್ದು ಒಂದೇ ಉಪಾಯ, ಕಾಲದ ಕೊನೆಯನ್ನು ತಂದು ಮೊದಲಿಗೆ ಜೋಡಿಸಿಬಿಡೋದು. ಅಂಚೇ ಇಲ್ಲದ ಮೇಲೆ ಅಂಚಿನ ಚಿಂತೆ ಇಲ್ಲ. ಆಗ ಮುಂದೆ ಮುಂದೆ ಹೋದರೂ 1520 ಮತ್ತೆ ಬರುತ್ತೆ. ಸುತ್ತು ಎಷ್ಟು ದೊಡ್ಡದಿರಬೇಕು ಅನ್ನೋದೊಂದು ಉಳಿದಿದೆ. ಚಿಕ್ಕದು ಮಾಡಿದರೆ ನೋಡಿದ ಚುನಾವಣೆಯನ್ನೇ ಮೊಮ್ಮಕ್ಕಳೂ ನೋಡಬೇಕಾಗುತ್ತೆ, ಸದ್ಯಕ್ಕೆ ಒಂದು ಲಕ್ಷ ವರ್ಷ ಅಂತ ಇಟ್ಟಿದ್ದೇನೆ.