ಹಗ್ಗ ಕೊರೆದ ಕಲ್ಲು

"ಇದ್ರಲ್ಲಿ ನೀರು ಸೇದ್ತಿದ್ದೋರು ಯಾರಂತೆ, ಕೇಳಮ್ಮ" ಅಂದರು ಅತ್ತೆ, ಹಳೆಯ ಮನೆಯೊಂದರ ನೀರಿನ ಟ್ಯಾಂಕಿನ ಬಾಯಿ ತೋರಿಸಿ. ಕೇಳಿದೆ. "ಗುಲಾಮರು, ಇನ್ಯಾರು?" ಅಂದವನೇ ಗೈಡ್ ಮುಂದಿನ ಕೋಣೆಯ ಗೋಡೆಚಿತ್ರದ ಕಡೆ ಹೊರಟುಬಿಟ್ಟ. ಇಟಲಿಯಲ್ಲಿ ಜ್ವಾಲಾಮುಖಿಯ ಬೂದಿಯಡಿ ಹೂತುಹೋಗಿದ್ದ ರೋಮನ್ ಕಾಲದ ಊರು ಪಾಂಪೇ ನೋಡಿ ಬಂದಾಗಿನಿಂದ ಆ ಮಾತೇ ತಲೆಯಲ್ಲಿ ಸುತ್ತುತ್ತಿದೆ.

ಅಲ್ಲಿಯವರೆಗೆ ಅವನು ಚೆನ್ನಾಗಿಯೇ ಬಿಡಿಸಿ ಹೇಳಿದ್ದ. ನಡುಮನೆಯ ಮಾಡು ನಾಲ್ಕೂ ಕಡೆಯಿಂದ ಒಳಕ್ಕೆ ಇಳಿಜಾರು, ನಡುವೆ ತೆರೆದ ಚೌಕ. ಸೂರಿನಂಚಲ್ಲಿ ಸುಟ್ಟಮಣ್ಣಿನ ಸಿಂಹದ ಮುಖಗಳು; ಅವುಗಳ ಬಾಯಿಂದ ಮಳೆನೀರು ಕೆಳಗಿನ ಇಂಪ್ಲೂವಿಯಂ ಎಂಬ ತಗ್ಗು ತೊಟ್ಟಿಗೆ ಬೀಳುತ್ತಿತ್ತು. ಅಲ್ಲಿಂದ ಒಂದು ತೂಬು ನೆಲದಡಿಯ ಟ್ಯಾಂಕಿಗೆ, ಇನ್ನೊಂದು ಬೀದಿಗೆ. ತೊಟ್ಟಿಮನೆಯಲ್ಲೇ ಬೆಳೆದ ಅತ್ತೆಗೆ ನಾನು ಬಾಯಿಬಿಡುವ ಮೊದಲೇ ಎಲ್ಲ ಅರ್ಥವಾಗಿತ್ತು. ಅವರ ಕಣ್ಣು ಪಕ್ಕದಲ್ಲಿದ್ದ, ಬಾವಿಕಟ್ಟೆಯಂಥ ಟ್ಯಾಂಕಿನ ಬಾಯಿಯ ಮೇಲೆ. ಅದರ ಒಳ ಅಂಚಿನ ಸುತ್ತ ಹಗ್ಗ ಉಜ್ಜಿ ಉಜ್ಜಿ ಬಿದ್ದ ಕೊರೆತಗಳು, ಬೆರಳು ಹೊಗುವಷ್ಟು ಆಳ.

"ಗುಲಾಮರು, ಇನ್ಯಾರು?" ಅಷ್ಟಕ್ಕೇ ಮುಗಿಯಿತೆ? ಕಲ್ಲನ್ನೇ ಕೊರೆದ ಹಗ್ಗ ಅಂಗೈಯನ್ನು ಏನು ಮಾಡಿರಬೇಕು!

ಲಾವಾದ ದಿಬ್ಬದ ಮೇಲಿನ ಊರದು. ಬಾವಿ ತೋಡಬೇಕಾದರೆ ಬಹಳ ಆಳಕ್ಕೆ ಹೋಗಬೇಕು. ಹಾಗಾಗಿ ಮಳೆನೀರೇ ಆಸರೆ. ರೋಮ್‌ನ ಮೊದಲ ಚಕ್ರವರ್ತಿ ಅಗಸ್ಟಸ್‌ನ ಕಾಲದ ಹೊತ್ತಿಗೆ ಬೆಟ್ಟದ ನೀರು ಕಾಲುವೆಯಲ್ಲಿ ಬಂತು. ಉಳ್ಳವರ ಮನೆಗೆ ಸೀಸದ ಕೊಳವೆ, ಕೆಲವರ ತೊಟ್ಟಿಯಲ್ಲಿ ಕಾರಂಜಿ. ಇಲ್ಲದವರು ಬೀದಿಯ ನೀರಿನ ತೊಟ್ಟಿಗೇ ಬಿಂದಿಗೆ ಹಿಡಿದು ಬರಬೇಕು. ಅಲ್ಲೂ ಕೈ ಊರಿ ಬಗ್ಗಿದ ಜಾಗದಲ್ಲಿ ಕಲ್ಲು ನುಣ್ಣಗೆ ಸವೆದಿದೆ.

ಆಮೇಲೆ ಫಾನ್ ಮನೆ. ತೊಟ್ಟಿಯಲ್ಲಿ ಕುಣಿಯುವ ಫಾನ್‌ನ, ಅಂದರೆ ರೋಮನ್ನರ ಕಾಡುದೇವತೆಯ, ಪುಟ್ಟ ಕಂಚಿನ ವಿಗ್ರಹ. ಮೂಲದ್ದು ಸಿಕ್ಕಿದ್ದು 1830ರಲ್ಲಿ, ಈಗ ನೇಪಲ್ಸ್ ಮ್ಯೂಸಿಯಂನಲ್ಲಿದೆ, ಇಲ್ಲಿರುವುದು ನಕಲು. ಆ ನಕಲಿನ ಮುಂದೆ ಗೈಡ್ ಬಹಳ ಹೊತ್ತು ನಿಂತ. ಕೆಟ್ಟವನೇನಲ್ಲ, ಓದಿಕೊಂಡವನು. ಆದರೆ ಮಾಡಿನ ಆಕಾರ ನೋಡಿ ನಡುಮನೆಗಳನ್ನು ರೋಮನ್ ವಾಸ್ತುಶಿಲ್ಪಿ ವಿಟ್ರೂವಿಯಸ್ ಐದು ಬಗೆಯಾಗಿ ವಿಂಗಡಿಸಿದ್ದನ್ನು ಒಪ್ಪಿಸಿದವನಿಗೆ ನೀರು ಸೇದಿದವರ ಬಗ್ಗೆ ಎರಡು ವಾಕ್ಯವೂ ಇರಲಿಲ್ಲ. ನನಗೆ ಅದು ಸಣ್ಣ ಕೊರತೆ ಅನ್ನಿಸುವುದಿಲ್ಲ.

ವಾಪಸು ಬರುವಾಗ ರೈಲಿನಲ್ಲಿ ಅತ್ತೆ ಅಂದರು: "ಬೇಸಿಗೇಲಿ ಟ್ಯಾಂಕಿನ ತಳ ಕಂಡಾಗ ಬೈಸ್ಕೊಂಡೋರೂ ಅವರೇ ಇರ್ಬೇಕು." ಇದ್ದಿರಲೇಬೇಕು. ಅಲ್ಲಿ ಮಳೆ ಹೆಚ್ಚಾಗಿ ಬೀಳುವುದು ಚಳಿಗಾಲದಲ್ಲಿ. ಒಣ ಬೇಸಿಗೆಯಲ್ಲಿ ಮನೆಮಂದಿ ಕೇಳಿದಷ್ಟು ನೀರು ಕೊಡಲಾರದೆ ಬಾಯಿಗೆ ಸಿಗುತ್ತಿದ್ದವರು ಹಗ್ಗ ಹಿಡಿದವರೇ.