ಹಳೆಯ ಮಾರುತಿ 800ರ ಮೀಟರ್ ಬೋರ್ಡ್ ರಿಪೇರಿ: ಬಿಚ್ಚುವ ಮೊದಲು ಮುಳ್ಳುಗಳನ್ನು ಓದಿ

ಪೆಟ್ರೋಲ್ ಮುಳ್ಳು ಮೇಲೇಳುತ್ತಿಲ್ಲ ಎಂದ ಕೂಡಲೇ ಇಡೀ ಮೀಟರ್ ಬೋರ್ಡನ್ನೇ ಬದಲಿಸಿಬಿಡುವ ರೂಢಿಯೊಂದಿದೆ. ಗುಜರಿಯಿಂದ ಇನ್ನೊಂದು ಬೋರ್ಡ್ ತಂದು ಹಾಕಿದರೂ ಮುಳ್ಳು ಹಾಗೇ ಮಲಗಿರುತ್ತದೆ, ಏಕೆಂದರೆ ತೊಂದರೆ ಇರುವುದು ಟ್ಯಾಂಕಿನ ಹತ್ತಿರ. ಹಳೆಯ ಕಾರಿನಲ್ಲಿ ಮೀಟರು ತಾನಾಗಿ ಕೆಡುವುದು ಕಡಿಮೆ. ಅದಕ್ಕೆ ಬರುವ ಕರೆಂಟು, ಅರ್ತ್ (ಕರೆಂಟು ಕಾರಿನ ಬಾಡಿಯ ಮೂಲಕ ಬ್ಯಾಟರಿಗೆ ಮರಳುವ ದಾರಿ), ಕಪ್ಲರ್ (ವೈರುಗಳನ್ನು ಸೇರಿಸುವ ಪ್ಲಾಸ್ಟಿಕ್ ಜೋಡಣೆ), ಕೇಬಲ್ ಇವುಗಳಲ್ಲಿ ಒಂದು ಕೈಕೊಟ್ಟಿರುತ್ತದೆ. ಯಾವುದು ಎಂಬುದನ್ನು ಸ್ಕ್ರೂ ಡ್ರೈವರ್ ಹಿಡಿಯುವ ಮೊದಲೇ ಮುಕ್ಕಾಲು ಪಾಲು ತಿಳಿದುಕೊಳ್ಳಬಹುದು.

ಇಲ್ಲಿ ಹೇಳುತ್ತಿರುವುದು ಮುಖ್ಯವಾಗಿ ಮಾರುತಿ 800ರ ಬಗ್ಗೆ. 1983ರ ಡಿಸೆಂಬರ್‌ನಲ್ಲಿ ರಸ್ತೆಗಿಳಿದ ಈ ಕಾರಿನ ತಯಾರಿಕೆ ನಿಂತದ್ದು 2014ರ ಜನವರಿಯಲ್ಲಿ. ಹಾಗಾಗಿ ಬಿಡಿಭಾಗಗಳು ಇನ್ನೂ ಸಿಗುತ್ತವೆ. ಬೆಂಗಳೂರಿನವರಿಗೆ ಜೆ.ಸಿ. ರಸ್ತೆ, ಶಿವಾಜಿನಗರದ ಗುಜರಿ, ಎಲೆಕ್ಟ್ರಾನಿಕ್ ಸಾಮಾನಿಗೆ ಎಸ್.ಪಿ. ರೋಡ್ ಇವೆ. ಅಂಬಾಸಿಡರ್, ಪದ್ಮಿನಿ ಇಟ್ಟುಕೊಂಡವರಿಗೂ ಇದರಲ್ಲಿ ಬಹುಪಾಲು ಅನ್ವಯಿಸುತ್ತದೆ. ಬೇರೆಯಾಗುವ ಕಡೆ ಹೇಳುತ್ತೇನೆ.

ಮುಳ್ಳುಗಳು ಹೇಳುವ ಮಾತು

ಪೆಟ್ರೋಲ್ ಮೀಟರ್ ಮತ್ತು ಹೀಟ್ ಮೀಟರ್ ಎರಡನ್ನೂ ಒಟ್ಟಿಗೆ ನೋಡಿ. ಒಂದು ಮಾತ್ರ ಸತ್ತಿದ್ದರೆ ಆ ಮೀಟರ್, ಅದರ ವೈರ್ ಅಥವಾ ಅದರ ಸೆಂಡರ್ (ಟ್ಯಾಂಕಿನಲ್ಲಿ ಪೆಟ್ರೋಲ್ ಮಟ್ಟವನ್ನು, ಎಂಜಿನ್ನಿನಲ್ಲಿ ಬಿಸಿಯನ್ನು ಅಳೆದು ಮೀಟರಿಗೆ ತಿಳಿಸುವ ಭಾಗ) ಕಾರಣ. ಎರಡೂ ಒಟ್ಟಿಗೆ ಸತ್ತಿದ್ದರೆ ಮೊದಲು ಫ್ಯೂಸ್, ಆಮೇಲೆ ಬೋರ್ಡಿಗೆ ಬರುವ ಇಗ್ನಿಷನ್ ಫೀಡ್, ಆಮೇಲೆ ವೋಲ್ಟೇಜ್ ಸ್ಟೆಬಿಲೈಸರ್. ಎರಡೂ ಒಟ್ಟಿಗೆ ಹೆಚ್ಚು ತೋರಿಸುತ್ತಿದ್ದರೆ, ಅಂದರೆ ಅರ್ಧ ಟ್ಯಾಂಕಿಗೆ ಫುಲ್ ಹತ್ತಿರ, ತಣ್ಣಗಿರುವ ಎಂಜಿನ್ನಿಗೂ ಅರ್ಧ ಬಿಸಿ, ಆಗ ಸ್ಟೆಬಿಲೈಸರ್ ಪಾಯಿಂಟ್ ಅಂಟಿಕೊಂಡು ಬ್ಯಾಟರಿಯ ಪೂರ್ತಿ ವೋಲ್ಟೇಜು ಒಳಗೆ ಹೋಗುತ್ತಿದೆ. ಇಂಥ ಸ್ಥಿತಿಯಲ್ಲಿ ತಿಂಗಳುಗಟ್ಟಲೆ ಓಡಿಸಿದರೆ ಮೀಟರಿನ ಒಳಗಿನ ತಂತಿ ಸುಟ್ಟುಹೋಗುತ್ತದೆ. ಹೆಡ್‌ಲೈಟ್ ಹಾಕಿದಾಗ ಮುಳ್ಳುಗಳು ಜಾಗ ಬದಲಿಸಿದರೆ, ಇಂಡಿಕೇಟರ್ ಜೊತೆಗೆ ಬೇರೊಂದು ದೀಪವೂ ಮಿನುಗಿದರೆ ಅದು ಅರ್ತ್ ಸಮಸ್ಯೆ, ಅನುಮಾನವೇ ಬೇಡ.

ಸ್ಟೆಬಿಲೈಸರ್ ಯಾಕೆ ಬೇಕು ಎಂಬುದನ್ನು ತಿಳಿದುಕೊಂಡರೆ ಉಳಿದದ್ದು ಸುಲಭ. ಹಳೆಯ ಪೆಟ್ರೋಲ್ ಮೀಟರಿನ ಒಳಗೆ ಎರಡು ಲೋಹ ಸೇರಿಸಿದ ಪಟ್ಟಿಯೊಂದಿದ್ದು, ಅದರ ಸುತ್ತ ತೆಳು ತಂತಿ ಸುತ್ತಿರುತ್ತಾರೆ. ಕರೆಂಟು ಹರಿದರೆ ಪಟ್ಟಿ ಬಿಸಿಯಾಗಿ ಬಾಗುತ್ತದೆ, ಮುಳ್ಳು ಏಳುತ್ತದೆ. ಇಂಥ ಮುಳ್ಳು ಇಗ್ನಿಷನ್ ಹಾಕಿದ ಮೇಲೆ ನಿಧಾನಕ್ಕೆ ಮೇಲೆ ಬರುತ್ತದೆ. ಎಂಜಿನ್ ನಿಂತಿರುವಾಗ 12 ವೋಲ್ಟ್, ಓಡುವಾಗ 14 ವೋಲ್ಟ್ ಬಂದರೆ ಒಂದೇ ಮಟ್ಟದ ಪೆಟ್ರೋಲಿಗೆ ಮುಳ್ಳು ಎರಡು ಕಡೆ ನಿಲ್ಲುತ್ತಿತ್ತು. ಅದನ್ನು ತಡೆಯಲು ಪಾಯಿಂಟುಗಳನ್ನು ಸೇರಿಸಿ ಬಿಡಿಸುತ್ತಾ ಸರಾಸರಿ ವೋಲ್ಟೇಜನ್ನು ಕೆಳಗಿಳಿಸಿ ಒಂದೇ ಸಮ ಇಡುವ ವ್ಯವಸ್ಥೆಯೇ ಸ್ಟೆಬಿಲೈಸರ್. ಸ್ಮಿತ್ಸ್ ಮಾದರಿಯ ಬ್ರಿಟಿಷ್ ಮೀಟರುಗಳಲ್ಲಿ ಅದು ಬೋರ್ಡಿನ ಹಿಂದೆ ಪ್ರತ್ಯೇಕ ಡಬ್ಬಿಯಾಗಿರುತ್ತದೆ, ಸರಾಸರಿ 10 ವೋಲ್ಟ್ ಕೊಡುತ್ತದೆ. ಜಪಾನ್ ಮೂಲದವುಗಳಲ್ಲಿ ಸಾಮಾನ್ಯವಾಗಿ ಪೆಟ್ರೋಲ್ ಮೀಟರಿನ ಹೊಟ್ಟೆಯೊಳಗೇ ಇರುತ್ತದೆ, ವೋಲ್ಟೇಜು ಸುಮಾರು 7. ಇಗ್ನಿಷನ್ ಹಾಕಿದ ಕೂಡಲೇ ಚುರುಕಾಗಿ ಜಾಗಕ್ಕೆ ಬರುವ ಮುಳ್ಳು ನಿಮ್ಮದಾದರೆ ಅದು ಕಾಯಿಲ್ ಮಾದರಿ. ಅದಕ್ಕೆ ಸ್ಟೆಬಿಲೈಸರ್ ಇರುವುದಿಲ್ಲ, ಹುಡುಕಬೇಡಿ.

ಟ್ಯಾಂಕ್ ಯೂನಿಟ್ಟಿನ, ಅಂದರೆ ಪೆಟ್ರೋಲ್ ಸೆಂಡರಿನ, ವೈರ್ ಕಪ್ಲರ್ ಬಿಡಿಸಿ, ಬೋರ್ಡ್ ಕಡೆಯಿಂದ ಬರುವ ತುದಿಯನ್ನು 3.4 ವ್ಯಾಟಿನ ಬಲ್ಬ್ ಒಂದರ ಮೂಲಕ ಬಾಡಿಗೆ ಅರ್ತ್ ಮಾಡಿ ಇಗ್ನಿಷನ್ ಹಾಕಿ. ಸ್ಟೆಬಿಲೈಸರ್ ಇರುವ ಮೀಟರಾದರೆ ಬಲ್ಬ್ ಮೊದಲು ಒಂದೇ ಸಮ ಉರಿದು, ಕೆಲವು ಸೆಕೆಂಡಿನ ನಂತರ ಮಿನುಗಲು ಶುರುವಾಗುತ್ತದೆ. ಮುಳ್ಳೂ ಏಳುತ್ತದೆ. ಇಷ್ಟಾದರೆ ಬೋರ್ಡ್, ವೈರಿಂಗ್ ಎರಡೂ ಸರಿಯಿವೆ, ಬೋರ್ಡ್ ಬಿಚ್ಚುವ ಅಗತ್ಯವೇ ಇಲ್ಲ. ಬಲ್ಬ್ ಇಲ್ಲದೆ ನೇರ ಅರ್ತ್ ಮಾಡುವವರಿದ್ದಾರೆ. ಮಾಡುವುದೇ ಆದರೆ ಮುಳ್ಳು ಅಲುಗಿದ ತಕ್ಷಣ ತೆಗೆಯಿರಿ, ಹಾಗೇ ಬಿಟ್ಟರೆ ಮೀಟರ್ ಸುಡುತ್ತದೆ. ಈ ಪರೀಕ್ಷೆಯಲ್ಲಿ ಕಿಡಿ ಹಾರಬಹುದು. ಆದ್ದರಿಂದ ಅರ್ತ್ ಮಾಡುವ ಜಾಗ ಟ್ಯಾಂಕಿನಿಂದ ದೂರವಿರಲಿ, ಪೆಟ್ರೋಲ್ ವಾಸನೆ ಬರುತ್ತಿದ್ದರೆ ಪರೀಕ್ಷೆಯನ್ನೇ ಮಾಡಬೇಡಿ.

ಹೀಟ್ ಮೀಟರಿಗೂ ಇದೇ ವಿಧಾನ. ಅದರ ಸೆನ್ಸರ್ ತಣ್ಣಗಿರುವಾಗ ಹೆಚ್ಚು ಓಮ್ಸ್, ಬಿಸಿಯಾದಂತೆ ಕಡಿಮೆ ಓಮ್ಸ್ ತೋರಿಸಬೇಕು. ಹೊಸ ಸೆನ್ಸರ್ ಹಾಕಿದ ಮೇಲೂ ಮುಳ್ಳು ಏಳದಿದ್ದರೆ ಸೆನ್ಸರಿನ ಮರೆಯ (ಸ್ಕ್ರೂ ಥ್ರೆಡ್) ಮೇಲೆ ಸುತ್ತಿದ ಟೆಫ್ಲಾನ್ ಟೇಪನ್ನು ನೋಡಿ. ಒಂದೇ ವೈರಿನ ಸೆನ್ಸರಿಗೆ ಅರ್ತ್ ಸಿಗುವುದು ಆ ಮರೆಯಿಂದಲೇ.

ಬೋರ್ಡ್ ಹೊರತೆಗೆಯುವುದು

ಮೊದಲು ಬ್ಯಾಟರಿಯ ನೆಗೆಟಿವ್ ಟರ್ಮಿನಲ್ ಬಿಚ್ಚಿ. ಕಿಲೋಮೀಟರ್ ರೀಡಿಂಗಿನ ಫೋಟೊ ತೆಗೆದುಕೊಳ್ಳಿ. ಮುಂದೆ ಕಾರು ಮಾರುವ ದಿನ, ಬೋರ್ಡ್ ಬಿಚ್ಚಿದ್ದು ರೀಡಿಂಗ್ ತಿರುಗಿಸಲು ಅಲ್ಲ ಎಂಬುದಕ್ಕೆ ಅದೇ ದಾಖಲೆ. ಮೀಟರಿನ ಮೇಲಿನ ಹುಡ್ ಸ್ಕ್ರೂಗಳನ್ನು ತೆಗೆದು ಹುಡ್ಡನ್ನು ಮೆಲ್ಲಗೆ ಮುಂದಕ್ಕೆ ಎಳೆಯಿರಿ. ವರ್ಷಗಟ್ಟಲೆ ಬಿಸಿಲು ತಿಂದ ಪ್ಲಾಸ್ಟಿಕ್ಕು ಗರಿಗರಿಯಾಗಿರುತ್ತದೆ, ಸ್ಕ್ರೂ ಕೂರುವ ಕಿವಿಗಳು ಮೊದಲು ಮುರಿಯುತ್ತವೆ. ಬೆಳಗಿನ ಚಳಿಯಲ್ಲಿ ಈ ಕೆಲಸಕ್ಕೆ ಕೈಹಾಕಬೇಡಿ, ಕಾರು ಒಂದಿಷ್ಟು ಬೆಚ್ಚಗಾದ ಮೇಲೆ ಪ್ಲಾಸ್ಟಿಕ್ ಬಾಗುತ್ತದೆ.

ಬೋರ್ಡನ್ನು ಒಂದು ಗೇಣು ಹೊರಗೆ ಎಳೆದರೆ ಹಿಂದೆ ಕೈ ಹೋಗುತ್ತದೆ. ಮಾರುತಿಯಲ್ಲಿ ಸ್ಪೀಡೋಮೀಟರ್ ಕೇಬಲ್ಲಿಗೆ ಪ್ಲಾಸ್ಟಿಕ್ ಲಾಕ್, ಒತ್ತಿ ಎಳೆಯಬೇಕು. ಅಂಬಾಸಿಡರ್, ಪದ್ಮಿನಿಗಳಲ್ಲಿ ಕೈಯಿಂದ ತಿರುಗಿಸುವ ನಟ್. ಕೇಬಲ್ ಬಿಡಿಸದೆ ಬೋರ್ಡನ್ನು ಜಗ್ಗಿದರೆ ಮೀಟರಿನ ಹಿಂದಿನ ಕೊಳವೆ ಸೀಳುತ್ತದೆ. ಕಪ್ಲರುಗಳನ್ನು ವೈರ್ ಹಿಡಿದು ಎಳೆಯಬೇಡಿ.

ಬೋರ್ಡಿನ ಹಿಂಭಾಗದಲ್ಲಿರುವ ತೆಳುವಾದ ಪ್ಲಾಸ್ಟಿಕ್ ಹಾಳೆ, ಅದರೊಳಗಿನ ತಾಮ್ರದ ಗೆರೆಗಳು, ಇದೇ ಅದರ ವೈರಿಂಗ್. ಹೆಚ್ಚಿನ ದೋಷ ಇಲ್ಲೇ. ಕಪ್ಲರ್ ಕೂರುವ ಕಡೆ ತಾಮ್ರ ಕಪ್ಪಾಗಿರುತ್ತದೆ ಅಥವಾ ಹಸಿರು ಹಿಡಿದಿರುತ್ತದೆ, ಬಲ್ಬ್ ಹೋಲ್ಡರಿನ ಸುತ್ತ ಎದ್ದು ಬಂದಿರುತ್ತದೆ, ಹಾಳೆ ಮಡಚಿದ ಕಡೆ ಕೂದಲೆಳೆಯಷ್ಟು ಬಿರುಕು ಬಿಟ್ಟಿರುತ್ತದೆ. ಮಲ್ಟಿಮೀಟರಿನ ಬೀಪ್ ಮೋಡಿನಲ್ಲಿ ಒಂದೊಂದು ಗೆರೆಯನ್ನೂ ತುದಿಯಿಂದ ತುದಿಗೆ ಪರೀಕ್ಷಿಸುವಾಗ ಹಾಳೆಯನ್ನು ಸ್ವಲ್ಪ ಬಾಗಿಸಿ ನೋಡಿ. ಚಪ್ಪಟೆಯಾಗಿ ಇಟ್ಟಾಗ ಸೇರಿಕೊಂಡು, ಬಾಗಿದಾಗ ಬಿಡುವ ಬಿರುಕು ಇದರಿಂದ ಮಾತ್ರ ಸಿಕ್ಕಿಬೀಳುತ್ತದೆ.

ಕಪ್ಪಾದ ತಾಮ್ರವನ್ನು ಪೆನ್ಸಿಲ್ ರಬ್ಬರಿನಿಂದ ಉಜ್ಜಿ, ಐಸೋಪ್ರೊಪೈಲ್ ಆಲ್ಕೋಹಾಲ್‌ನಿಂದ ಒರೆಸಿ. ಥಿನ್ನರ್, ಪೆಟ್ರೋಲ್ ಬೇಡ. ಬಿರುಕಿದ್ದರೆ ಎರಡೂ ಕಡೆ 5 ಮಿಲಿಮೀಟರಿನಷ್ಟು ಮೇಲಿನ ಪದರವನ್ನು ಬ್ಲೇಡಿನಿಂದ ಕೆರೆದು ತಾಮ್ರ ಕಾಣುವಂತೆ ಮಾಡಿ, ಫ್ಲಕ್ಸ್ ಹಚ್ಚಿ, 25 ವ್ಯಾಟಿನ ಐರನ್‌ನಿಂದ ಸೀಸ ಹಿಡಿಸಿ, ತೆಳು ತಾಮ್ರದ ಎಳೆಯೊಂದನ್ನು ಸೇತುವೆಯಂತೆ ಬೆಸೆಯಿರಿ. ಐರನ್ ತುದಿ ಒಂದು ಜಾಗದಲ್ಲಿ ಎರಡು ಸೆಕೆಂಡಿಗಿಂತ ಹೆಚ್ಚು ನಿಲ್ಲಬಾರದು, ಪಾಲಿಯೆಸ್ಟರ್ ಹಾಳೆ ಸುರುಟಿಕೊಳ್ಳುತ್ತದೆ. ಹಾಳೆ ತೀರಾ ಸುಟ್ಟಿದ್ದರೆ ಅದರ ಮೇಲೆ ಹೋರಾಡಬೇಡಿ. ಹೋಲ್ಡರಿನಿಂದ ಕಪ್ಲರ್ ಪಿನ್ನಿಗೆ ನೇರವಾಗಿ ತೆಳು ವೈರ್ ಎಳೆದುಬಿಡಿ. ಬೋರ್ಡಿನ ಹಿಂದೆ ಇರುವುದರಿಂದ ಅದು ಕಾಣುವುದೂ ಇಲ್ಲ.

ಅರ್ತ್ ಎಷ್ಟು ಗಟ್ಟಿಯಾಗಿದೆ ಎಂಬುದನ್ನು ಓಮ್ಸ್‌ನಲ್ಲಿ ಅಳೆದರೆ ತಿಳಿಯುವುದಿಲ್ಲ. ಬ್ಯಾಟರಿ ಜೋಡಿಸಿ, ದೀಪಗಳನ್ನು ಹಾಕಿ, ಮಲ್ಟಿಮೀಟರನ್ನು ಡಿಸಿ ವೋಲ್ಟಿನಲ್ಲಿಟ್ಟು, ಕಪ್ಪು ಪ್ರೋಬ್ ಬ್ಯಾಟರಿ ನೆಗೆಟಿವ್‌ಗೆ, ಕೆಂಪು ಪ್ರೋಬ್ ಬೋರ್ಡಿನ ಅರ್ತ್ ಪಿನ್ನಿಗೆ ಇಡಿ. 0.2 ವೋಲ್ಟಿಗಿಂತ ಹೆಚ್ಚು ಬಂದರೆ ಅರ್ತ್ ಸರಿಯಿಲ್ಲ. ಹಳೆಯ ವೈರ್ ಹುಡುಕಿ ರಿಪೇರಿ ಮಾಡುವುದು ತೊಡಕು ಅನ್ನಿಸಿದರೆ ಅದೇ ಪಿನ್ನಿನಿಂದ 1.5 ಚದರ ಮಿಲಿಮೀಟರಿನ ಕಪ್ಪು ವೈರೊಂದನ್ನು ಡ್ಯಾಶ್ ಒಳಗಿನ ಲೋಹಕ್ಕೆ, ಬಣ್ಣ ಕೆರೆದ ಜಾಗದಲ್ಲಿ ಸ್ಕ್ರೂ ಮಾಡಿ. ಇಡೀ ಕೆಲಸದಲ್ಲಿ ಇದೇ ಅತ್ಯಂತ ಅಗ್ಗದ್ದು, ಬಹಳ ಸಲ ಇದೊಂದೇ ಸಾಕಾಗುತ್ತದೆ.

ಸ್ಟೆಬಿಲೈಸರ್ ಕೆಟ್ಟಿದ್ದರೆ

ಪ್ರತ್ಯೇಕ ಡಬ್ಬಿಯ ಸ್ಮಿತ್ಸ್ ಮಾದರಿಗೆ 7810 ಎಂಬ ಮೂರು ಕಾಲಿನ ರೆಗ್ಯುಲೇಟರ್ ಐಸಿ ಹಾಕಬಹುದು. ಒಳಬರುವ ಕಾಲಿಗೂ ಅರ್ತಿಗೂ ನಡುವೆ 0.33 ಮೈಕ್ರೊಫ್ಯಾರಡ್, ಹೊರಹೋಗುವ ಕಾಲಿಗೂ ಅರ್ತಿಗೂ ನಡುವೆ 0.1 ಮೈಕ್ರೊಫ್ಯಾರಡ್ ಕೆಪಾಸಿಟರ್. ನೆಗೆಟಿವ್ ಅರ್ತ್ ಕಾರಿನಲ್ಲಿ ಐಸಿಯ ಲೋಹದ ಬೆನ್ನು ಅರ್ತ್ ಆಗಿರುವುದರಿಂದ ನೇರ ಲೋಹಕ್ಕೆ ಸ್ಕ್ರೂ ಮಾಡಿದರೆ ಶಾಖವೂ ಇಳಿಯುತ್ತದೆ. ಇದೇ 7810 ಅನ್ನು 7 ವೋಲ್ಟಿನ ಜಪಾನಿ ಮೀಟರಿಗೆ ಹಾಕಬೇಡಿ, ಮುಳ್ಳು ಸದಾ ಹೆಚ್ಚು ತೋರಿಸುತ್ತದೆ. ಸ್ಟೆಬಿಲೈಸರ್ ಒಳಗೇ ಇರುವ ಮೀಟರಿನಲ್ಲಿ ಪಾಯಿಂಟುಗಳ ನಡುವೆ ಆಲ್ಕೋಹಾಲ್ ಹಚ್ಚಿದ ದಪ್ಪ ಕಾಗದವನ್ನು ತೂರಿಸಿ ಎರಡು ಮೂರು ಸಲ ಎಳೆಯಿರಿ, ಅರ ಹಾಕಬೇಡಿ. ಅದರಿಂದ ಸರಿಹೋಗದಿದ್ದರೆ ಅದೊಂದು ಮೀಟರನ್ನು ಮಾತ್ರ ಗುಜರಿ ಬೋರ್ಡಿನಿಂದ ಬದಲಿಸುವುದೇ ಲೇಸು.

ಸ್ಪೀಡೋಮೀಟರ್

ಇದಕ್ಕೆ ಕರೆಂಟಿನ ಹಂಗಿಲ್ಲ. ಕೇಬಲ್ ತಿರುಗಿಸುವ ಆಯಸ್ಕಾಂತವೊಂದು ಅಲ್ಯೂಮಿನಿಯಂ ಬಟ್ಟಲಿನೊಳಗೆ ಸುತ್ತುತ್ತದೆ, ಬಟ್ಟಲು ಅದರ ಸೆಳೆತಕ್ಕೆ ತಿರುಗಲು ಹೋಗುತ್ತದೆ, ಕೂದಲಿನಷ್ಟು ತೆಳುವಾದ ಸ್ಪ್ರಿಂಗ್ ಹಿಂದಕ್ಕೆ ಎಳೆಯುತ್ತದೆ. ಎರಡೂ ಸಮವಾದ ಕಡೆ ಮುಳ್ಳು ನಿಲ್ಲುತ್ತದೆ.

ಮುಳ್ಳು ನಿಧಾನ ವೇಗದಲ್ಲಿ ತೂಗಾಡಿದರೆ ಕೇಬಲ್ ಒಣಗಿದೆ ಅಥವಾ ಎಲ್ಲೋ ಮಡಚಿದೆ. ಒಳಗಿನ ತಂತಿಯನ್ನು ಪೂರ್ತಿ ಎಳೆದು, ಸೀಮೆಎಣ್ಣೆಯಲ್ಲಿ ತೊಳೆದು, ಒರೆಸಿ, ಕೆಳಗಿನ ಭಾಗಕ್ಕೆ ತೆಳುವಾಗಿ ಗ್ರೀಸ್ ಹಚ್ಚಿ. ಮೀಟರ್ ಕಡೆಯ ಕೊನೆಯ 20 ಸೆಂಟಿಮೀಟರಿಗೆ ಹಚ್ಚಲೇಬೇಡಿ. ತಂತಿ ತಿರುಗುತ್ತಾ ಗ್ರೀಸನ್ನು ಮೇಲಕ್ಕೇರಿಸುತ್ತದೆ, ಅದು ಬಟ್ಟಲಿಗೂ ಆಯಸ್ಕಾಂತಕ್ಕೂ ನಡುವೆ ಸೇರಿ ಮುಳ್ಳು ವಿಪರೀತ ವೇಗ ತೋರಿಸುತ್ತದೆ. ಕೇಬಲ್ ಹಾಯುವ ದಾರಿಯಲ್ಲಿ 15 ಸೆಂಟಿಮೀಟರ್ ರೇಡಿಯಸ್ಸಿಗಿಂತ ಬಿಗಿಯಾದ ತಿರುವು ಇರಬಾರದು.

ಕಿರುಗುಟ್ಟುವ ಸದ್ದಿನೊಂದಿಗೆ ಮುಳ್ಳು ಥಟ್ಟನೆ ಕೊನೆಯವರೆಗೆ ಹಾರಿದರೆ ಮೀಟರಿನ ಒಳಗಿನ ಬುಷ್ (ದಂಡ ಕೂತು ತಿರುಗುವ ಕೊಳವೆ) ಒಣಗಿದೆ. ಕೂಡಲೇ ಕೇಬಲ್ ಬಿಡಿಸಿ, ಇಲ್ಲದಿದ್ದರೆ ತಂತಿ ತುಂಡಾಗುತ್ತದೆ. ಹೊಲಿಗೆ ಯಂತ್ರದ ಎಣ್ಣೆ ಒಂದೇ ಹನಿ, ಸೂಜಿಯ ತುದಿಯಿಂದ, ಆಯಸ್ಕಾಂತದ ದಂಡ ಬುಷ್‌ನೊಳಗೆ ಹೋಗುವ ಕಡೆ. ಸ್ಪ್ರೇ ಎಣ್ಣೆ ಹೊಡೆದರೆ ಡಯಲ್ಲಿನ ಅಕ್ಷರವೂ ಹೋಗುತ್ತದೆ, ಧೂಳೂ ಅಂಟುತ್ತದೆ.

ಜಪಾನಿನ ಮಾನದಂಡದಂತೆ ಕೇಬಲ್ ಕಿಲೋಮೀಟರಿಗೆ 637 ಸುತ್ತು ತಿರುಗುತ್ತದೆ. ಅಂದರೆ ನಿಮಿಷಕ್ಕೆ 637 ಸುತ್ತಿಗೆ ಮುಳ್ಳು 60ರಲ್ಲಿ ನಿಲ್ಲಬೇಕು. ವೇಗ ಹೊಂದಿಸಬಹುದಾದ ಡ್ರಿಲ್ ಮತ್ತು ಚೌಕ ತುದಿಯ ಹಳೆಯ ಕೇಬಲ್ ತುಂಡು ಇದ್ದರೆ ಮೇಜಿನ ಮೇಲೇ ಪರೀಕ್ಷಿಸಬಹುದು. ಮುಳ್ಳು ಸೊನ್ನೆಯ ಕಡೆಗೇ ಒತ್ತಿದರೆ ದಿಕ್ಕು ತಪ್ಪು, ಡ್ರಿಲ್ ತಿರುಗುಮುರುಗು ಮಾಡಿ. ಕೇಬಲ್ ತುಂಡಾಗಿದೆಯೇ ಎಂದು ನೋಡಲು ನ್ಯೂಟ್ರಲ್‌ನಲ್ಲಿ ಕಾರನ್ನು ಎರಡು ಮೀಟರ್ ತಳ್ಳಿಸಿ. ಮೀಟರ್ ಕಡೆಯ ತುದಿ ಒಂದೂಕಾಲು ಸುತ್ತು ತಿರುಗಬೇಕು.

ವೇಗ ತೋರಿಸುತ್ತದೆ, ಕಿಲೋಮೀಟರ್ ಅಂಕಿ ಮಾತ್ರ ಉರುಳುತ್ತಿಲ್ಲ ಎಂದರೆ ಒಳಗಿನ ಸಣ್ಣ ಪ್ಲಾಸ್ಟಿಕ್ ಗೇರ್ ಬಿರುಕು ಬಿಟ್ಟು ದಂಡದ ಮೇಲೆ ಜಾರುತ್ತಿದೆ. ಅದಕ್ಕೆ ಎಪಾಕ್ಸಿ ಅಂಟು ಒಳ್ಳೆಯದು. ಸೂಪರ್ ಗ್ಲೂ ಬಳಸಿದರೆ ಒಂದು ದಿನ ತೆರೆದೇ ಇಡಿ, ಅದರ ಹಬೆ ಗಾಜಿನ ಒಳಮೈಗೆ ಬಿಳಿ ಪೊರೆ ಕಟ್ಟುತ್ತದೆ. ಮುಳ್ಳು ತೆಗೆಯದೆ ಕೆಲಸ ಆಗುವುದಾದರೆ ತೆಗೆಯಬೇಡಿ. ತೆಗೆಯಲೇಬೇಕಾದರೆ ಮೊದಲು ಅದನ್ನು ತಡೆಗೂಟದ ಮೇಲಿಂದ ಎತ್ತಿ ಸಡಿಲ ಬಿಟ್ಟು, ತಾನಾಗಿ ನಿಂತ ಜಾಗವನ್ನು ಡಯಲ್ ಮೇಲೆ ಸಣ್ಣ ಟೇಪ್ ಅಂಟಿಸಿ ಗುರುತು ಮಾಡಿ. ಮತ್ತೆ ಕೂರಿಸುವಾಗ ಸೊನ್ನೆಗಲ್ಲ, ಆ ಗುರುತಿಗೆ ಕೂರಿಸಬೇಕು.

ಬಲ್ಬ್ ಮತ್ತು ಎಲ್‌ಇಡಿ

ಬೋರ್ಡಿನ ಟಿ10 (ಬಲ್ಬಿನ ಒಂದು ಅಳತೆ) ಹೋಲ್ಡರಿಗೆ 3 ವ್ಯಾಟಿನ ಬಲ್ಬೂ ಕೂರುತ್ತದೆ, 5 ವ್ಯಾಟಿನದೂ ಕೂರುತ್ತದೆ. ಬೆಳಕು ಹೆಚ್ಚಲೆಂದು 5 ವ್ಯಾಟ್ ಹಾಕಿದ್ದರಿಂದಲೇ ಎಷ್ಟೋ ಬೋರ್ಡುಗಳ ಹಾಳೆ ಸುಟ್ಟಿದೆ, ಹೋಲ್ಡರ್ ಕರಗಿದೆ. ಡಯಲ್ ಬೆಳಕಿಗೆ ಎಲ್‌ಇಡಿ ಹಾಕಲು ಅಡ್ಡಿಯಿಲ್ಲ. ಉರಿಯದಿದ್ದರೆ ತಿರುಗಿಸಿ ಕೂರಿಸಿ, ಅದಕ್ಕೆ ಪ್ಲಸ್ ಮೈನಸ್ ಇರುತ್ತದೆ. ಆದರೆ ಬ್ಯಾಟರಿ ಚಾರ್ಜ್ ದೀಪಕ್ಕೆ ಮಾಮೂಲಿ ಬಲ್ಬೇ ಇರಲಿ. ಆಲ್ಟರ್ನೇಟರ್ ಚಾರ್ಜ್ ಮಾಡಲು ಶುರುಮಾಡುವಷ್ಟು ಕರೆಂಟು ಹೋಗುವುದು ಆ ಬಲ್ಬಿನ ಮೂಲಕ. ಎಲ್‌ಇಡಿ ಅಷ್ಟನ್ನು ಬಿಡುವುದಿಲ್ಲ, ಎಂಜಿನ್ ಓಡುತ್ತಿದ್ದರೂ ಬ್ಯಾಟರಿ ಇಳಿಯುತ್ತದೆ. ಅಲ್ಲೂ ಎಲ್‌ಇಡಿಯೇ ಬೇಕೆಂದರೆ ಅದಕ್ಕೆ ಸಮಾನಾಂತರವಾಗಿ 47 ಓಮ್ಸ್, 5 ವ್ಯಾಟಿನ ರೆಸಿಸ್ಟರ್ ಹಾಕಬೇಕು. ಅದು ಬಿಸಿಯಾಗುವುದರಿಂದ ಹಾಳೆಗೆ ತಾಗದಂತೆ ಇಡಿ.

ಗಾಜಿನಂತೆ ಕಾಣುವ ಮುಂಭಾಗ ಅಕ್ರಿಲಿಕ್. ಅದಕ್ಕೆ ಆಲ್ಕೋಹಾಲ್ ತಾಗಿಸಬೇಡಿ, ಸಣ್ಣ ಸಣ್ಣ ಬಿರುಕು ಮೂಡುತ್ತವೆ. ಸೋಪಿನ ನೀರು, ಮೆತ್ತನೆಯ ಬಟ್ಟೆ ಸಾಕು. ಗೀರುಗಳಿದ್ದರೆ 2000, ಆಮೇಲೆ 3000 ನಂಬರಿನ ವಾಟರ್ ಪೇಪರ್, ಕೊನೆಗೆ ಪ್ಲಾಸ್ಟಿಕ್ ಪಾಲಿಷ್.

ಜೋಡಿಸಿದ ಮೇಲೆ ಇಗ್ನಿಷನ್ ಹಾಕಿದಾಗ ಆಯಿಲ್ ದೀಪ, ಚಾರ್ಜ್ ದೀಪ ಎರಡೂ ಉರಿದು, ಎಂಜಿನ್ ಶುರುವಾದ ಮೇಲೆ ಆರಬೇಕು. ಆಯಿಲ್ ದೀಪ ಉರಿಯದಿದ್ದರೆ ಹುಡ್ ಮುಚ್ಚಬೇಡಿ. ಎಂಜಿನ್ನಿನ ಆಯಿಲ್ ಸ್ವಿಚ್ಚಿನ ವೈರ್ ತೆಗೆದು ಅರ್ತ್ ಮಾಡಿ ನೋಡಿ. ಆಗ ಉರಿದರೆ ಸ್ವಿಚ್ ಕೆಟ್ಟಿದೆ, ಆಗಲೂ ಉರಿಯದಿದ್ದರೆ ಬಲ್ಬ್ ಅಥವಾ ಹಾಳೆಯ ಗೆರೆ. ವೇಗವನ್ನು ಫೋನಿನ ಜಿಪಿಎಸ್ ಜೊತೆ ಹೋಲಿಸುವಾಗ ಮೀಟರ್ ಸ್ವಲ್ಪ ಹೆಚ್ಚು ತೋರಿಸುವುದು ಸಹಜ. ಕಡಿಮೆ ತೋರಿಸಿದರೆ ಮೀಟರನ್ನು ದೂರುವ ಮೊದಲು ಟೈರ್ ನೋಡಿ. 145/70 ಆರ್12 ಇರಬೇಕಾದ ಕಾರಿಗೆ 145/80 ಆರ್12 ಹಾಕಿದ್ದರೆ ಚಕ್ರದ ವ್ಯಾಸ 508ರಿಂದ 537 ಮಿಲಿಮೀಟರಿಗೆ ಏರಿರುತ್ತದೆ. ಆಗ ಸರಿಯಾಗಿರುವ ಮೀಟರ್ 60 ತೋರಿಸುವಾಗ ಕಾರು 63ರ ಮೇಲೆ ಓಡುತ್ತಿರುತ್ತದೆ.