ಹಲ್ಲಿನ ಸಾಕ್ಷ್ಯಚಿತ್ರ: ಮಲ್ಪೆಯ ಭಾಗ ಮುಗಿಯಿತು

ಅಡಿಕೆ, ತಂಬಾಕು ಜಗಿಯುವುದರಿಂದ ಬಾಯಿಗಾಗುವ ತೊಂದರೆಗಳ ಕುರಿತು ನಾನು ತೆಗೆಯುತ್ತಿರುವ ಸಾಕ್ಷ್ಯಚಿತ್ರಕ್ಕೆ ಮಲ್ಪೆ ಬಂದರಿನ ಚಿತ್ರೀಕರಣ ಅಂತೂ ಮುಗಿಯಿತು. ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರೀಕೃತ ದೋಣಿಗಳು ಕಡಲಿಗಿಳಿಯುವಂತಿಲ್ಲವಾದ್ದರಿಂದ, ಬಲೆ ದುರಸ್ತಿಗೆ ಕುಳಿತವರಿಗೆ ಮಾತಿಗೆ ಪುರುಸೊತ್ತಿತ್ತು. ಬೇರೆ ದಿನಗಳಲ್ಲಿ ಕ್ಯಾಮೆರಾ ಹಿಡಿದು ದೋಣಿ ನಿಲ್ಲುವ ಧಕ್ಕೆಗೆ ಹೋದರೆ ಮೀನಿನ ಬುಟ್ಟಿಗೆ ಅಡ್ಡ ನಿಂತದ್ದಕ್ಕೆ ಬೈಗುಳ ಖಚಿತ.

ನನಗೆ ಬೇಕಿದ್ದದ್ದು ಒಂದೇ ದೃಶ್ಯ. ತೋರುಬೆರಳು, ನಡುಬೆರಳು, ಉಂಗುರಬೆರಳುಗಳನ್ನು ಒಂದರ ಮೇಲೊಂದು ಜೋಡಿಸಿ ಮೇಲಿನ ಮತ್ತು ಕೆಳಗಿನ ಮುಂದಿನ ಹಲ್ಲುಗಳ ನಡುವೆ ಇಡುವುದು. ಸಾಮಾನ್ಯವಾಗಿ ದೊಡ್ಡವರಿಗೆ ತಮ್ಮ ಮೂರು ಬೆರಳು ಹಿಡಿಸುತ್ತವೆ. ವರ್ಷಗಟ್ಟಲೆ ಅಡಿಕೆ ಜಗಿದವರ ಕೆನ್ನೆಯ ಒಳಪದರದ ಅಡಿಯಲ್ಲಿ ನಾರು ಬೆಳೆದು ಬಿಗಿಯುತ್ತದೆ. ಮೊದಲು ಖಾರ ತಿಂದರೆ ಉರಿ, ಆಮೇಲೆ ಬಾಯಿ ತೆರೆಯುವುದೇ ಕಷ್ಟ. ಸಬ್‌ಮ್ಯೂಕಸ್ ಫೈಬ್ರೋಸಿಸ್ ಎನ್ನುವ ಈ ತೊಂದರೆ ಮುಂದೆ ಕ್ಯಾನ್ಸರಿಗೂ ತಿರುಗಬಹುದು.

ಒಬ್ಬರ ಬಾಯಿಯಲ್ಲಿ ಎರಡು ಬೆರಳು ಹೋದವು, ಮೂರನೆಯದು ತುಟಿಯ ಹೊರಗೇ ಉಳಿಯಿತು. "ನನ್ನ ಬೆರಳೇ ದಪ್ಪ ಡಾಕ್ಟರೇ" ಎಂದು ನಕ್ಕರು. ಪಕ್ಕದವರು, ಬೆರಳಿನ ದಪ್ಪದಲ್ಲಿ ಇವರಿಗೇನೂ ಕಡಿಮೆಯಿಲ್ಲದವರು, ತಮ್ಮ ಮೂರೂ ಬೆರಳುಗಳನ್ನು ಸಲೀಸಾಗಿ ಇಟ್ಟು ತೋರಿಸಿದರು. ನಗು ನಿಂತಿತು. ಆ ಭಾಗಕ್ಕೆ ಕತ್ತರಿ ಹಾಕುವುದಿಲ್ಲ, ನಿರೂಪಣೆಯನ್ನೂ ಸೇರಿಸುವುದಿಲ್ಲ. ಅವರ ಒಪ್ಪಿಗೆ ಪಡೆದಿದ್ದೇನೆ. ಮುಖ ಮಾತ್ರ ಬೇಡವೆಂದರು. ತಪಾಸಣೆಗೆ ಬರುವಂತೆಯೂ ಒಪ್ಪಿಸಿದ್ದೇನೆ.

ಬಾಯಿಯೊಳಗಿನ ಹತ್ತಿರದ ದೃಶ್ಯಗಳನ್ನು ಚಿಕಿತ್ಸಾಲಯದಲ್ಲೇ ತೆಗೆದೆ. ಉಸಿರಿಗೆ ಕನ್ನಡಿ ಮಂಜಾಗುತ್ತದೆ. ಬಿಸಿನೀರಿನಲ್ಲಿ ಅದ್ದಿ ಒರೆಸಿಕೊಂಡರೆ ಸ್ವಲ್ಪ ಹೊತ್ತು ನಿಚ್ಚಳ.

ತಲೆನೋವು ಬೇರೆಯೇ ಇದೆ. ತಂಬಾಕು ಕೆಟ್ಟದ್ದೆಂದರೆ ಜಗಿಯುವವರೂ ತಲೆಯಾಡಿಸುತ್ತಾರೆ. ಅಡಿಕೆ ಎಂದೊಡನೆ ಹುಬ್ಬು ಗಂಟಿಕ್ಕುತ್ತದೆ. ನಮ್ಮಲ್ಲಿ ಅದು ತೋಟದ ಬೆಳೆ, ಮದುವೆಯ ತಟ್ಟೆ, ದೇವರ ಮುಂದಿನ ವೀಳ್ಯ. ಆದರೆ ತಂಬಾಕು ಬೆರೆಸದ ಅಡಿಕೆಯೂ ಕ್ಯಾನ್ಸರ್‌ಕಾರಕ ಎಂದು ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ಅಂಗ 2004ರ ವರದಿಯಲ್ಲೇ ಹೇಳಿದೆ. ಪುತ್ತೂರಿನ ಕಡೆಯ ಸ್ನೇಹಿತರೊಬ್ಬರು ಕರಡು ನೋಡಿ, "ನಮ್ಮ ಹೊಟ್ಟೆಯ ಮೇಲೆ ಹೊಡೆಯುತ್ತೀಯಾ?" ಎಂದರು. ಕೋಪ ನ್ಯಾಯವಾದದ್ದೇ. ತೋಟದ ದೃಶ್ಯ ತೆಗೆದುಹಾಕಿದೆ, ಮಾತನ್ನು ತೆಗೆಯಲಿಲ್ಲ. ಬದಲಿಗೆ ಅಂಗೈಯ ದೃಶ್ಯವೊಂದಿದೆ: 2013ರಲ್ಲಿ ರಾಜ್ಯದಲ್ಲಿ ಗುಟ್ಕಾ ನಿಷೇಧವಾದ ಮೇಲೆ ಅಡಿಕೆಯ ಪಾನ್ ಮಸಾಲೆ ಒಂದು ಚೀಟಿಯಲ್ಲಿ, ತಂಬಾಕು ಇನ್ನೊಂದರಲ್ಲಿ, ಎರಡೂ ಕೈಯಲ್ಲೇ ಬೆರೆಯುತ್ತವೆ.

ಕ್ಯಾನ್ಸರ್ ಗಡ್ಡೆಯ ಚಿತ್ರಗಳನ್ನು ಹಾಕುವುದಿಲ್ಲ. ಹಾಕಿದರೆ ನೋಡುವವರು ಮುಖ ತಿರುಗಿಸುತ್ತಾರೆ, ಮಾತೂ ಕಿವಿಗೆ ಬೀಳುವುದಿಲ್ಲ. ಒರೆಸಿದರೂ ಹೋಗದ ಬಿಳಿ ಮಚ್ಚೆ, ಎರಡು ವಾರ ಕಳೆದರೂ ಮಾಯದ ಹುಣ್ಣು, ಎಚ್ಚರಿಕೆಯ ಗುರುತುಗಳಾಗಿ ಇವೆರಡನ್ನು ತೋರಿಸಿದರೆ ಸಾಕು.

ತುಳು ನಿರೂಪಣೆಯ ಧ್ವನಿಮುದ್ರಣ ಬಾಕಿಯಿದೆ. ತಗಡಿನ ಮಾಡಿನ ಮೇಲಿನ ಮಳೆಯ ಸದ್ದು ಕೆಲವು ಮಾತುಗಳನ್ನು ನುಂಗಿರುವುದರಿಂದ ಅಲ್ಲಿ ಪರದೆಯ ಮೇಲೆ ಅಕ್ಷರದಲ್ಲಿ ಮಾತು ಹಾಕಬೇಕು. ದೋಣಿಗಳು ಹೊರಡುವ ಮೊದಲೇ ಬಲೆ ದುರಸ್ತಿಯ ಶೆಡ್ಡಿನಲ್ಲಿ ತೋರಿಸುವ ಆಸೆ. ಪ್ರೊಜೆಕ್ಟರ್ ಸಿಕ್ಕಿದೆ, ಬಿಳಿ ಬಟ್ಟೆ ಹುಡುಕಬೇಕು.